ಮಂಗಳವಾರದ ಎಳೆ

ಇಷ್ಟು ಒಳ್ಳೆಯ ಕನ್ನಡ ಈ ಹುಡುಗಿಗೆ ಎಲ್ಲಿಂದ ಬಂತು ಎಂದು ಭದ್ರಾವತಿಯ ಶಾಲೆಯೊಂದರ ಹೆಡ್‌ಮಾಸ್ಟರು ನನ್ನನ್ನು ಕೇಳಿದರು. ಕೇಳಿದ ಧಾಟಿ ನೆನೆದರೆ ಈಗಲೂ ಮೈ ಉರಿಯುತ್ತದೆ. ಅದಕ್ಕಿಂತ ಹೆಚ್ಚು ಉರಿಯುವುದು ನಾನು ಕೊಟ್ಟ ಉತ್ತರಕ್ಕೆ.

ನಾನು ಶಿವಮೊಗ್ಗದ ಗಾಂಧಿ ಬಜಾರಿನಲ್ಲಿ ರಫೂ ಮಾಡುವವನು. ಹರಿದ ಬಟ್ಟೆಯನ್ನು, ಹರಿದದ್ದೇ ಗೊತ್ತಾಗದಂತೆ, ಎಳೆ ಎಳೆಯಾಗಿ ಹೆಣೆದು ಮುಚ್ಚುವ ಕೆಲಸ. ಮನೆಯಲ್ಲಿ ನಮ್ಮದು ಉರ್ದು, ಆದರೆ ಎಸ್ಸೆಸ್ಸೆಲ್ಸಿವರೆಗೆ ನಾನು ಓದಿದ್ದು ಕನ್ನಡದಲ್ಲೇ. ಮಗಳನ್ನು ಭದ್ರಾವತಿಗೆ ಕೊಟ್ಟಿದ್ದೇನೆ. ಅಳಿಯ ಲಾರಿ ಓಡಿಸುತ್ತಾನೆ. ಅವರ ಹುಡುಗಿ ಏಳನೇ ಕ್ಲಾಸು. ರಜೆ ಬಂತೆಂದರೆ ಶಿವಮೊಗ್ಗದ ಹೊಸಮನೆ ಬಡಾವಣೆಯಲ್ಲಿರುವ ನಮ್ಮ ಮನೆಗೆ ಬಂದುಬಿಡುತ್ತಾಳೆ, ಹಗಲೆಲ್ಲ ನನ್ನ ಅಂಗಡಿಯಲ್ಲೇ ಇರುತ್ತಾಳೆ. ತಾಯಿಯ ಅಪ್ಪನಿಗೆ ನಮ್ಮಲ್ಲಿ ನಾನಾ ಎನ್ನುತ್ತಾರೆ, ಅವಳೂ ನನ್ನನ್ನು ಹಾಗೇ ಕರೆಯುವುದು.

ಅಲ್ಲಿ ಕೂತು ನಾವಿಬ್ಬರೂ ಸೇರಿ ಒಂದು ಜಾದೂ ಶಾಲೆ ಕಟ್ಟಿದೆವು. ಭದ್ರಾವತಿಯಲ್ಲಿ ಹೊಗೆ ಬಿಡುವುದನ್ನು ಮರೆತ ಒಂದು ಹಳೆಯ ಕಾರ್ಖಾನೆ ಚಿಮಣಿಯ ಒಳಗಿದೆ ಆ ಶಾಲೆ. ಅಲ್ಲಿ ಮಂತ್ರದಂಡ ಇಲ್ಲ, ಸೂಜಿ ಇದೆ. ಹೊಳೆ, ಬಿಸಿಲು, ಬಜಾರಿನ ಗಲಾಟೆ, ಅಮ್ಮನ ಬೈಗುಳ, ಎಲ್ಲವೂ ಎಳೆಗಳೇ. ಒಂದನೇ ಕ್ಲಾಸಿನಲ್ಲಿ ಎಳೆ ಕಾಣುವುದನ್ನು ಕಲಿಸುತ್ತಾರೆ, ಮುಂದಿನ ಕ್ಲಾಸುಗಳಲ್ಲಿ ಹಿಡಿಯುವುದನ್ನು, ಹೆಣೆಯುವುದನ್ನು. ಹೆಡ್‌ಮಾಸ್ಟರು ನಾನು. ಶಾಲೆಗೆ ನಾನು ಕೊಟ್ಟ ಕಾನೂನು ಒಂದೇ, ಅದೂ ನನ್ನ ಕಸುಬಿನದು. ರಫೂಗೆ ಬೇರೆ ಬಟ್ಟೆಯ ಎಳೆ ಹಾಕಬಾರದು. ಅದೇ ಬಟ್ಟೆಯ ಒಳಮಡಿಕೆಯಿಂದ, ಯಾರಿಗೂ ಕಾಣದ ಜಾಗದಿಂದ ಎಳೆ ತೆಗೆದು ತೂತು ಮುಚ್ಚಬೇಕು. ಲೋಕಕ್ಕೆ ತೂತು ಬಿದ್ದರೂ ಹಾಗೇ, ಮುಚ್ಚುವವರು ತಮ್ಮ ಮಡಿಕೆಯಿಂದಲೇ ಎಳೆ ಕೊಡಬೇಕು.

ಚಿಮಣಿ, ಸೂಜಿ, ಕಾನೂನು ನಮ್ಮಿಬ್ಬರವು. ಕತೆ ಮಾತ್ರ ಪೂರ್ತಿ ಅವಳದು. ಆ ಶಾಲೆಯ ಒಬ್ಬ ತುಂಟ ಹುಡುಗ ಪರೀಕ್ಷೆ ತಪ್ಪಿಸಲು ವಾರದಿಂದ ಮಂಗಳವಾರವನ್ನೇ ಎಳೆದು ಕಿತ್ತುಬಿಡುತ್ತಾನೆ. ಊರೆಲ್ಲ ಸೋಮವಾರ ಮಲಗಿ ಬುಧವಾರ ಏಳುತ್ತದೆ. ಮಂಗಳವಾರ ಹುಟ್ಟಬೇಕಿದ್ದ ಮಗು ಎಲ್ಲಿ ಎಂದು ಒಬ್ಬ ಅಜ್ಜಿ ಕೋಲೂರಿಕೊಂಡು ಚಿಮಣಿಯ ಬಾಗಿಲಿಗೆ ಬರುತ್ತಾಳೆ. ಮೇಷ್ಟ್ರುಗಳೆಲ್ಲ ಒಬ್ಬರ ಮುಖ ಒಬ್ಬರು ನೋಡುತ್ತಿರುವಾಗ ಒಬ್ಬಳು ಹುಡುಗಿ ತನ್ನ ಹುಟ್ಟುಹಬ್ಬದ ದಿನವನ್ನೇ ಬಿಚ್ಚಿ, ಆ ಎಳೆಯಿಂದ ಮಂಗಳವಾರವನ್ನು ಹೆಣೆಯುತ್ತಾಳೆ. ಮಗು ಹುಟ್ಟುತ್ತದೆ. ಹುಡುಗಿಗೆ ಮಾತ್ರ ಆಮೇಲೆ ಹುಟ್ಟುಹಬ್ಬವಿಲ್ಲ.

ಇದನ್ನು ಅವಳು ಓದಿ ಹೇಳಿದ ದಿನ ನನ್ನ ಕೈಯ ಸೂಜಿ ನಿಂತುಹೋಗಿತ್ತು. ಶಾಲೆಯ ಕತೆ ಸ್ಪರ್ಧೆಗೆ ಕೊಟ್ಟಳು. ಗೆದ್ದ ಕತೆ ತಾಲ್ಲೂಕಿಗೆ ಹೋಗುತ್ತದೆ.

ಮನೆಯ ಹಿರಿಯರನ್ನು ಕರೆತರಲು ಶಾಲೆಯಿಂದ ಹೇಳಿಕಳಿಸಿದರು. ಅಳಿಯ ಲಾರಿಯ ಮೇಲಿದ್ದ, ನಾನು ಹೋದೆ. ಬಹುಮಾನದ ಮಾತಿರಬೇಕೆಂದು ಇಸ್ತ್ರಿ ಮಾಡಿದ ಜುಬ್ಬಾ ಹಾಕಿಕೊಂಡು ಹೋದೆ!

"ಕೂತ್ಕೊಳ್ಳಿ ಸಾಬ್ರೇ," ಎಂದರು ಹೆಡ್‌ಮಾಸ್ಟರು. "ಈ ಕತೆ ಇವಳೇ ಬರ್ದಿದ್ದಾ?"

ಪಕ್ಕದಲ್ಲಿದ್ದ ಕನ್ನಡ ಮೇಷ್ಟ್ರು ನಕ್ಕರು. "ಇಂಥ ಕನ್ನಡ ನಂಗೇ ಬರಲ್ಲ ಸರ್. ಇವ್ರ ಮನೇಲಿ ಕನ್ನಡ ಎಲ್ಲಿ ಮಾತಾಡ್ತಾರೆ?"

"ಅದ್ಬಿಡಿ," ಎಂದು ಹೆಡ್‌ಮಾಸ್ಟರು ನನ್ನ ಕಡೆ ತಿರುಗಿದರು. "ಈ ಜಾದೂ, ಮಾಟ, ಎಳೆ ಕೀಳೋದು... ಇದನ್ನೆಲ್ಲ ಮನೇಲಿ ನೀವೇನಾದ್ರೂ ಹೇಳ್ಕೊಡ್ತೀರಾ?"

ಮೊಮ್ಮಗಳು ನನ್ನ ಕುರ್ಚಿಯ ಪಕ್ಕ, ಹೆಗಲ ಮೇಲೆ ಕೈಯಿಟ್ಟು ನಿಂತಿದ್ದಳು. ಈಗ ನಾನಾ ಹೇಳುತ್ತಾನೆ ಎಂದು ಕಾಯುತ್ತಿದ್ದಳು.

ನನಗೆ ಹೆದರಿಕೆಯಾಯಿತು. ಸಾಬರ ಮುದುಕ ಮಕ್ಕಳಿಗೆ ಮಾಟ ಕಲಿಸುತ್ತಾನಂತೆ ಎಂಬ ಒಂದು ಮಾತು ಈ ಕಾಲದಲ್ಲಿ ಎಷ್ಟು ದೂರ ಓಡುತ್ತದೆ ಎಂದು ನನಗೆ ಗೊತ್ತು. ನಮ್ಮ ಓಣಿಯಲ್ಲೂ ಜಾದೂ ಎಂದರೆ ತಲೆ ತಿರುಗಿಸುವವರಿದ್ದಾರೆ. ಇವೆಲ್ಲ ನಿಜ. ಆದರೆ ಇವು ಕಾರಣಗಳು, ಕ್ಷಮೆ ಅಲ್ಲ.

"ಇಲ್ಲ ಸರ್, ನಮಗೇನೂ ಗೊತ್ತಿಲ್ಲ," ಎಂದೆ. "ಮೊಬೈಲಲ್ಲಿ ಏನೋ ನೋಡಿರ್ಬೇಕು. ಮಕ್ಕಳು."

"ಹಾಗಾದ್ರೆ ಕಾಪಿ."

"ಹೂಂ ಸರ್."

ಹೆಗಲ ಮೇಲಿನ ಕೈ ಹೋಯಿತು.

ಆಟೋದಲ್ಲಿ ಅವಳನ್ನು ಮಗಳ ಮನೆಗೆ ಕರೆದುಕೊಂಡು ಹೋದೆ. ಇಳಿಯುವಾಗ, ಯಾವಾಗಲೂ ನೀನು ಎನ್ನುವವಳು, "ನೀವು ಬೇರೆ ಬಟ್ಟೆ ಎಳೆ ಹಾಕಿದ್ರಿ ನಾನಾ," ಎಂದು ಒಳಗೆ ಹೋದಳು.

ಆ ವಾರವೆಲ್ಲ ನನ್ನ ಕೈಯಲ್ಲಿ ಒಂದು ರಫೂವೂ ಸರಿಯಾಗಲಿಲ್ಲ. ಮುಂದಿನ ಸೋಮವಾರ ಬೆಳಿಗ್ಗೆಯ ಬಸ್ಸಿಗೆ ಭದ್ರಾವತಿಗೆ ಹೋಗಿ ಹೆಡ್‌ಮಾಸ್ಟರ ಮುಂದೆ ನಿಂತೆ. ಕೂರಲಿಲ್ಲ. "ನಾನು ಸುಳ್ಳು ಹೇಳಿದ್ದೆ ಸರ್. ಕತೆ ಅವಳದ್ದೇ. ಕನ್ನಡ ಕಲಿಸಿದ್ದು ನಾನು. ಪ್ರಾರ್ಥನೆ ಹೊತ್ತಲ್ಲಿ ಮಕ್ಕಳ ಮುಂದೆ ಬೇಕಾದ್ರೂ ಹೇಳ್ತೀನಿ," ಎಂದೆ.

"ಅವತ್ತು ಹಂಗಂದ್ರಿ, ಇವತ್ತು ಹಿಂಗಂತೀರಿ. ಯಾವುದನ್ನ ನಂಬೋದು? ಬೇರೆ ಹುಡುಗನ ಕತೆ ಕಳ್ಸಾಯ್ತು. ಬಿಡಿ ಸಾಬ್ರೇ, ಒಂದು ಕತೆ ತಾನೆ?"

ಒಂದು ಕತೆ ತಾನೆ! ಉಣ್ಣೆ ಕೋಟಿಗೆ ಜೋಳದ ಕಾಳಿನಷ್ಟು ತೂತು ಬಿದ್ದರೆ ಜನ ನನ್ನ ತಲೆಯ ಮೇಲೇ ನಿಂತು ರಫೂ ಮಾಡಿಸಿಕೊಂಡು ಹೋಗುತ್ತಾರೆ. ಹನ್ನೆರಡು ವರ್ಷದ ಹುಡುಗಿಯನ್ನು ಕ್ಲಾಸಿನಲ್ಲಿ ಎಲ್ಲರೂ 'ಕಾಪಿ ರಾಣಿ' ಎಂದು ಕರೆಯುತ್ತಾರೆ, ಅದು ಇವರ ಕಣ್ಣಿಗೆ ತೂತಲ್ಲ. ನಾಲ್ಕು ಪ್ರಶ್ನೆ ಅವಳನ್ನೇ ಕೇಳಿದ್ದರೆ ಸಾಕಿತ್ತು. ಮುಂದೇನಾಯಿತು ಹೇಳಮ್ಮ ಎಂದಿದ್ದರೆ ಅಲ್ಲೇ ನಿಂತು ಇನ್ನೊಂದು ಕತೆ ಹೇಳುತ್ತಿದ್ದಳು. ಕೇಳಲಿಲ್ಲ. ಯಾಕೆ ಕೇಳುತ್ತಾರೆ? ಹೆತ್ತವಳ ಅಪ್ಪನೇ ಹೂಂ ಅಂದಮೇಲೆ?

ದಸರಾ ರಜೆಗೆ ಬಂದಳು. ಬರುವುದಿಲ್ಲವೇನೋ ಅಂದುಕೊಂಡಿದ್ದೆ. ಅಂಗಡಿಯಲ್ಲಿ ಅವಳ ಹಳೆಯ ಜಾಗದಲ್ಲೇ ಕೂತು ಗುಂಡಿಗಳ ಡಬ್ಬಿ ಕೆದಕತೊಡಗಿದಳು. ಕೈಯಲ್ಲಿದ್ದ ರಫೂ ಮುಗಿಸಿ, ಧೈರ್ಯ ಮಾಡಿ ಕೇಳಿದೆ.

"ನಮ್ಮ ಚಿಮಣಿ ಶಾಲೆ ನಡೀತಾ ಇದೆಯಾ?"

"ನಡೀತಿದೆ. ಹೆಡ್‌ಮಾಸ್ಟರ್ ಬದಲಾದ್ರು."

"ಈಗ ಯಾರು?"

"ನಾನೇ."

"ಮತ್ತೆ ನಾನು?"

"ಒಂದನೇ ಕ್ಲಾಸು. ಹಿಂದಿನ ಬೆಂಚು."

"ಈ ವಯಸ್ಸಲ್ಲಿ ಒಂದನೇ ಕ್ಲಾಸಾ ಮಾರಾಯ್ತಿ? ಪಾಸಾದ್ರೂ ಮಾಡ್ತೀಯೋ ಇಲ್ವೋ?"

ನಗುತ್ತಾಳೆ ಅಂದುಕೊಂಡೆ. ನಗಲಿಲ್ಲ. "ಮೊದ್ಲು ಎಲ್ಲರ ಮುಂದೆ ಹೇಳು. ಆಮೇಲೆ ನೋಡೋಣ," ಎಂದಳು.

ಶಾಲೆಯವರು ಮಕ್ಕಳ ಮುಂದೆ ಹೇಳಲು ಬಿಡಲಿಲ್ಲ. ಆದ್ದರಿಂದ ಇಲ್ಲಿ ಹೇಳುತ್ತಿದ್ದೇನೆ. ಮಂಗಳವಾರದ ಕತೆ ನನ್ನ ಮೊಮ್ಮಗಳದು. ಅದರಲ್ಲಿ ಒಂದಕ್ಷರವೂ ಮೊಬೈಲಿನದಲ್ಲ. ಸುಳ್ಳು ಹೇಳಿದವನು ನಾನು.