ಚಾಚಾ ಹಿಂದಕ್ಕೆ ಕೂರಿಸಿದ ಸೆನ್ಸರ್

ದಸ್ತಗೀರ್ ಚಾಚಾ ನಮ್ಮ ಅಂಗಳಕ್ಕೆ ಕಾಲಿಡುವ ಮೊದಲೇ ಅವರ ಗ್ರೀಸ್ ವಾಸನೆ ಬಂದು ಕುಳಿತಿರುತ್ತಿತ್ತು. ನನಗೆ ಹುಟ್ಟಿನಿಂದ ಕಣ್ಣು ಕಾಣುವುದಿಲ್ಲ. ಇಡೀ ದೇಸೂರಿನಲ್ಲಿ, ಬಾಯಿ ಬಿಡುವ ಮೊದಲೇ ನಾನು ಗುರುತು ಹಿಡಿಯುತ್ತಿದ್ದದ್ದು ಅವರೊಬ್ಬರನ್ನೇ. ಬೆಳಗಾವಿಯ ಆಟೋ ನಗರದಲ್ಲಿ ಕಾರು ರಿಪೇರಿ ಮಾಡುತ್ತಿದ್ದರು. ಅವರ ಪ್ರಕಾರ ಮನುಷ್ಯರಲ್ಲಿ ಎರಡೇ ಜಾತಿ: ಓಡುವ ಗಾಡಿ, ನಿಂತ ಗಾಡಿ. ನಾನು ನಿಂತ ಗಾಡಿ.

ಖಾನಾಪುರದ ಒಂದು ಶಾಲೆಯಲ್ಲಿ ನನಗೆ ಇತಿಹಾಸ ಕಲಿಸುವ ಕೆಲಸ ಸಿಕ್ಕಿತು. ಅಪ್ಪ ಒಂದೇ ಮಾತು ಹೇಳಿದ: "ಒಂದ್ ವಾರ ಒಬ್ಬಾಕಿನ ರೈಲಿಗೆ ಹೋಗಿ ಬಾ. ಆಗಲಿಲ್ಲಂದ್ರ ಕೆಲಸದ ಮಾತು ಬ್ಯಾಡ."

ಇದನ್ನು ಕೇಳಿದ ಚಾಚಾ, ಕಾರು ಹಿಂದೆ ಸರಿಯುವಾಗ ಪೀಂ ಪೀಂ ಅನ್ನುವ ಸೆನ್ಸರ್ ತಂದು ನನ್ನ ಬಿಳಿ ಕೋಲಿಗೆ ಬಿಗಿದರು. ಕೋಲು ಕೂಗತೊಡಗಿತು, ನಿಲ್ಲಿಸಲೇ ಇಲ್ಲ. ಸೆನ್ಸರಿನ ಮುಖ ಹಿಂದಕ್ಕಿತ್ತು, ಕೋಲಿನ ಹಿಂದೆ ಇದ್ದವಳು ನಾನೇ.

"ಮುಂದಕ್ಕ ತಿರುಗಸ್ರಿ ಚಾಚಾ," ಅಂದೆ.

"ಇಷ್ಟ ವರ್ಷದಾಗ ಒಂದ ಗಾಡಿಗೂ ಮುಂದ ಹಾಕಿಲ್ಲ ಬೇಟಿ. ನಿನಗ ಹೆಂಗ ಹಾಕ್ಲಿ? ಮುಂದಿಂದು ಕೋಲು ನೋಡ್ತೈತಿ. ಹಿಂದಿಂದು ಯಾರ್ ನೋಡಬೇಕು?"

ಕೊನೆಗೆ ಅದನ್ನು ಕೋಲಿನಿಂದ ಬಿಚ್ಚಿ ನನ್ನ ಬೆನ್ನಿನ ಚೀಲಕ್ಕೆ ಹೊಲಿದರು, ಒಳಗೆ ಸ್ಕೂಟರಿನ ಬ್ಯಾಟರಿ ಇಟ್ಟರು. ಟ್ರಯಲ್ ಇಲ್ಲದೆ ಗಾಡಿ ರಸ್ತೆಗೆ ಬಿಡಬಾರದೆಂದು, ತಾವೇ ಕಣ್ಣಿಗೆ ಬಟ್ಟೆ ಕಟ್ಟಿ, ಚೀಲ ಹಾಕಿಕೊಂಡು, ನಮ್ಮ ಓಣಿಯಲ್ಲಿ ಕೋಲಿಲ್ಲದೆ ನಡೆದರು. ಹತ್ತು ಹೆಜ್ಜೆಗೆ ಗಟಾರ ಸೇರಿದರು. ಮೊಣಕಾಲ ತನಕ ರಾಡಿಯಲ್ಲಿ ನಿಂತು ಹೇಳಿದರು: "ಗಟಾರ ಮುಂದಿತ್ತು. ಸೆನ್ಸರಿಂದೇನೂ ತಪ್ಪಿಲ್ಲ."

ಸೋಮವಾರ ಖಾನಾಪುರದಲ್ಲಿ ಇಳಿದು ನಡೆಯುತ್ತಿದ್ದಂತೆ ಚೀಲ ಕೂಗಿತು. ದಾರಿಹೋಕರಾದರೆ ದಾಟಿಕೊಂಡು ಹೋಗುತ್ತಾರೆಂದು ನಿಂತೆ. ಚೀಲ ಕೂಗುತ್ತಲೇ ಇತ್ತು. ಹಿಂದಿನವರೂ ನಿಂತರು. ನಡೆದೆ, ಅವರೂ ನಡೆದರು. ಹೀಗೆ ಬೆನ್ನು ಬಿಡದವನು ನಮ್ಮ ಮನೆಯಲ್ಲಿ ಅಣ್ಣನೊಬ್ಬನೇ.

"ಅಣ್ಣಾ, ಮನಿಗೆ ಹೋಗು," ಅಂದೆ.

ಹಿಂದೆ ಅಣ್ಣ ಕೆಮ್ಮಿದ. "ಅಪ್ಪಾ ಕಳಿಸ್ಯಾನ."

ಸಂಜೆ ಅಪ್ಪನೊಂದಿಗೆ ಜಗಳವಾಡಿದೆ. ಒಬ್ಬಳೇ ಹೋಗು ಅಂದವನೇ ಹಿಂದೆ ಕಾವಲು ಕಳಿಸಿದ್ದ. ತಪ್ಪು ತನ್ನದೆಂದು ಅವನು ಒಪ್ಪಿಕೊಂಡ. ಮಂಗಳವಾರ ಚೀಲ ಸುಮ್ಮನಿತ್ತು, ಬುಧವಾರವೂ. ಗುರುವಾರ ಅದೇ ದಾರಿಯಲ್ಲಿ ಮತ್ತೆ ಪೀಂ ಪೀಂ. ಅಣ್ಣನನ್ನು ಬೈಯಲೆಂದು ತಿರುಗಿದರೆ ಗ್ರೀಸ್ ವಾಸನೆ.

"ಚಾಚಾ, ನೀವೂನಾ?"

"ನಿನ್ನ ಕಾಯಾಕ ಬಂದಿಲ್ಲ ಬೇಟಿ. ಸೆನ್ಸರ್ ಚೆಕ್ ಮಾಡಾಕ ಬಂದೀನಿ."

"ಚೆಕ್ ಆತಲ್ಲ, ಹೋಗ್ರಿ."

"ಪಾಸ್," ಅಂದು ಚಪ್ಪಲಿ ಎಳೆಯುತ್ತ ಸ್ಟೇಷನ್ನಿನ ಕಡೆ ಹೋದರು. ಗ್ಯಾರೇಜಿಗೆ ಬೀಗ ಹಾಕಿ ಬಂದಿದ್ದರೆಂದು ಆಮೇಲೆ ತಿಳಿಯಿತು. ಶನಿವಾರ ಒಬ್ಬಳೇ ಮನೆ ಸೇರಿದೆ, ಕೆಲಸ ನನ್ನದಾಯಿತು.

ಚಾಚಾ ತೀರಿಕೊಂಡು ಎರಡು ವರ್ಷವಾಯಿತು. ಈಗ ನನ್ನ ಫೋನೇ ಎಡಕ್ಕೆ ಹೋಗಿ, ಬಲಕ್ಕೆ ಹೋಗಿ ಅನ್ನುತ್ತದೆ. ಆದರೂ ಆ ಭಾರದ ಚೀಲ ಬಿಡಲು ಮನಸ್ಸಿಲ್ಲ. ಅದು ಕೂಗಿದಾಗಲೆಲ್ಲ ನಿಂತು ಮೂಸುತ್ತೇನೆ. ಒಮ್ಮೊಮ್ಮೆ ಆಡು, ಒಮ್ಮೊಮ್ಮೆ ಅವಸರದ ಮಂದಿ. ಗ್ರೀಸ್ ವಾಸನೆ ಬರುವುದಿಲ್ಲ.