ಮದುವೆಗೆ ಮುಂಚೆ ಅಣ್ಣನ ಮೂಗು

ನನ್ನ ಅಕ್ಷರ ಕೋಳಿ ಕೆದರಿದ ಹಾಗಿದೆ, ದಯವಿಟ್ಟು ಬೇಸರ ಮಾಡಿಕೊಳ್ಳಬೇಡಿ. ಶಾಲೆಯನ್ನು ಅರ್ಧಕ್ಕೇ ಬಿಟ್ಟವಳು ನಾನು. ಒಳ್ಳೆಯ ಪದಗಳು ಬೇಕಾದಾಗ ಕೈಗೆ ಸಿಗುವುದಿಲ್ಲ. ಬೀದಿಯ ಯಾರಾದರೊಬ್ಬರ ಬಗ್ಗೆ ಬರೆದುಕೊಡು ಎಂದು ಗ್ರಂಥಾಲಯದ ಮೇಡಂ ಕೇಳಿದ್ದರಿಂದ ಅಣ್ಣನ ಬಗ್ಗೆ ಬರೆಯುತ್ತಿದ್ದೇನೆ. ತಪ್ಪಿದ್ದರೆ ತಿದ್ದಿಕೊಳ್ಳಿ.

ಅಣ್ಣನಿಗೆ ಫೋಟೋ ಸ್ಟುಡಿಯೋ ಇದೆ. ಮುಂದೆ ಗಾಜಿನ ಬಾಗಿಲು, ನಡುವೆ ಒಂದು ಸ್ಟೂಲು, ಅದರ ಆಚೆ ಈಚೆ ದೀಪದ ಕಂಬಗಳು, ಹಿಂದೆ ಪರದೆ. ಪರದೆಯ ಹಿಂದೆ ಕಂಪ್ಯೂಟರ್, ಅದರ ಮುಂದೆ ನಾನು. ಮೊಡವೆ, ಕಲೆ, ಕಣ್ಣಿನ ಕೆಳಗಿನ ಕಪ್ಪು ಇವನ್ನೆಲ್ಲ ಅಳಿಸುವುದು ನನ್ನ ಕೆಲಸ. ಜನರ ಎದುರಿಗೆ ನನಗೆ ನಾಲಿಗೆಯೇ ಏಳುವುದಿಲ್ಲ. ಕಂಪ್ಯೂಟರಿನಲ್ಲಾದರೆ ಅವರ ಮುಖವನ್ನು ಎಷ್ಟು ಹೊತ್ತು ಬೇಕಾದರೂ ನೋಡಬಲ್ಲೆ.

ಬೀದಿಯವರು ಅಣ್ಣನನ್ನು "ಸ್ವಲ್ಪ ನಗಿ" ಎಂದೇ ಕರೆಯುತ್ತಾರೆ. ದಿನವಿಡೀ ಅವನು ಹೇಳುವ ಮಾತು ಅದೇ. ತಾನು ಮಾತ್ರ ನಗುವುದಿಲ್ಲ. ನಕ್ಕರೆ ಕ್ಯಾಮೆರಾ ಅಲುಗುತ್ತದಂತೆ. ಅಂಗಡಿಗೆ ಬಂದವರು ಬಂದದ್ದಕ್ಕಿಂತ ಚೆನ್ನಾಗಿ ಹೋಗಬೇಕು ಎಂಬುದು ಅವನ ನೀತಿ. ಒಮ್ಮೆ ಒಬ್ಬ ಅಜ್ಜಿಯ ಸುಕ್ಕನ್ನೆಲ್ಲ ತೆಗೆಸಿದ. ಫೋಟೋ ನೋಡಿದ ಮೊಮ್ಮಗ "ಈ ಆಂಟಿ ಯಾರು?" ಎಂದು ಕೇಳಿದ. ಅಜ್ಜಿ ಇನ್ನಷ್ಟು ಪ್ರತಿ ಬೇಕೆಂದರು. ಹೀಗೆ ಅಣ್ಣನ ನೀತಿ ಗಟ್ಟಿಯಾಯಿತು.

ಅದನ್ನು ಒಪ್ಪದವಳು ಒಬ್ಬಳೇ: ಬೇಕರಿಯಲ್ಲಿ ಒಲೆ ನೋಡಿಕೊಳ್ಳುವವಳು. ಕಾದ ತಟ್ಟೆ ತಗುಲಿ ಅವಳ ಕೆನ್ನೆಯ ಮೇಲೆ ಉದ್ದನೆಯ ಸುಟ್ಟ ಗೆರೆಯೊಂದು ಉಳಿದಿದೆ. ಗುರುತಿನ ಚೀಟಿಗೆಂದು ಫೋಟೋ ತೆಗೆಸಿದಾಗ ಅಣ್ಣ ಅವಳನ್ನು ಕೇಳದೆಯೇ ಗೆರೆ ಅಳಿಸಲು ಹೇಳಿದ, ನಾನು ಅಳಿಸಿದೆ.

ಅವಳು ಫೋಟೋವನ್ನು ಮೇಜಿನ ಮೇಲಿಟ್ಟು, "ಇದು ಯಾರದ್ರೀ? ನನ್ನದು ಕೊಡಿ" ಎಂದಳು.

"ಕಲೆ ತೆಗೆದಿದ್ದೀವಿ ಮೇಡಂ. ಅದಕ್ಕೆ ಬೇರೆ ಚಾರ್ಜ್ ಇಲ್ಲ."

"ಹಾಗಾದ್ರೆ ವಾಪಸ್ ಹಾಕೋದಕ್ಕೂ ಚಾರ್ಜ್ ಇರಲ್ಲ ಬಿಡಿ."

ಅಂದಿನಿಂದ ಅಣ್ಣ ದಿನಾ ಬ್ರೆಡ್ಡು ತರತೊಡಗಿದ. ನಮ್ಮ ಮನೆಯಲ್ಲಿ ಯಾರೂ ಬ್ರೆಡ್ಡು ತಿನ್ನುವುದಿಲ್ಲ.

ಕೊನೆಗೆ ಅವರಿಬ್ಬರ ಮದುವೆ ನಿಶ್ಚಯವಾಯಿತು. ದಿನ ಗೊತ್ತುಮಾಡಿದ್ದು ಬೇಕರಿಯ ಒಲೆ. ಅದು ವರ್ಷವಿಡೀ ಉರಿಯುತ್ತಲೇ ಇರುತ್ತದೆ. ಒಳಗಿನ ಇಟ್ಟಿಗೆ ಬದಲಿಸುವ ವಾರ ಮಾತ್ರ ತಣ್ಣಗಾಗುತ್ತದೆ. ಅತ್ತಿಗೆಗೆ (ಈಗಲೇ ಹಾಗೆನ್ನುತ್ತೇನೆ) ರಜೆ ಸಿಗುವುದು ಆಗ ಮಾತ್ರ.

ಆ ವಾರ ಹತ್ತಿರ ಬಂದಾಗ, ಮದುವೆ ನಡೆಯುವ ಸಭಾಂಗಣದ ಬಾಗಿಲಲ್ಲಿ ಇಡಲು ತನ್ನದೊಂದು ದೊಡ್ಡ ಫೋಟೋ ಬೇಕೆಂದು ಅಣ್ಣನಿಗೆ ಅನ್ನಿಸಿತು. ಗುಂಡಿ ಒತ್ತಲು ನಾನಿದ್ದೆ. ಆದರೆ ತನ್ನ ಕ್ಯಾಮೆರಾವನ್ನು ಅಣ್ಣ ಯಾರ ಕೈಗೂ ಕೊಟ್ಟವನಲ್ಲ. ಟೈಮರ್ ಇಟ್ಟು, ಓಡಿಹೋಗಿ ಸ್ಟೂಲಿನ ಮೇಲೆ ಕೂರುವುದು ಅವನ ಯೋಚನೆ. ಗಿರಾಕಿಗಳಿಗೆ "ಅವಸರ ಬೇಡ, ಆರಾಮಾಗಿ ಕೂತ್ಕೊಳ್ಳಿ" ಎನ್ನುವವನು, ಬಿದ್ದೆನೋ ಕೆಟ್ಟೆನೋ ಎಂದು ಓಡಿದ. ದೀಪದ ವೈರು ಕಾಲಿಗೆ ಸಿಕ್ಕಿ, ಮೂಗು ಸ್ಟೂಲಿನ ಅಂಚಿಗೆ ಬಡಿಯಿತು. ಕ್ಯಾಮೆರಾ ಮಾತ್ರ ಸರಿಯಾದ ಹೊತ್ತಿಗೆ ಕ್ಲಿಕ್ ಎಂದಿತು. ಆ ಫೋಟೋವನ್ನು ಅಣ್ಣ ಇನ್ನೂ ಅಳಿಸಿಲ್ಲ. ಬೆಳಕು ಚೆನ್ನಾಗಿ ಬಂದಿದೆಯಂತೆ.

ಕ್ಲಿನಿಕ್ಕಿನ ಕಾಂಪೌಂಡರ್ ಒತ್ತಿ ನೋಡಿ, "ಮೂಳೆಗೇನೂ ಆಗಿಲ್ಲ. ಊತ ಇಳಿಯೋಕೆ ಟೈಮ್ ಬೇಕು" ಎಂದರು. ಬೆಳಗಾಗುವಷ್ಟರಲ್ಲಿ ಮೂಗು ಬದನೆಕಾಯಿಯ ಬಣ್ಣಕ್ಕೆ ತಿರುಗಿ, ಕಣ್ಣಿನ ಕೆಳಗೂ ನೀಲಿ ಇಳಿದಿತ್ತು. ಅಮ್ಮ ಐಸ್ ಒತ್ತುತ್ತಾ, "ನೋವಾಗುತ್ತೇನೋ?" ಎಂದು ಕೇಳಿದರು.

"ನೋವು ಬಿಡಮ್ಮ, ಆಕಾರ ನೋಡು."

ನೋಡಲು ಬಂದ ಸೋದರಮಾವ, "ಮೂಗಿಗಿಂತ ಮೂಗುತಿ ಭಾರ ಅಂತ ಕೇಳಿದ್ದೆ ಕಣಯ್ಯ. ಮುಖಕ್ಕಿಂತ ಮೂಗೇ ಭಾರ ಆಗಿದ್ದು ಇವತ್ತೇ ನೋಡಿದ್ದು" ಎಂದರು.

ಅಲ್ಲಿಗೆ ಅಣ್ಣ ತೀರ್ಮಾನ ಮಾಡಿದ. "ಮದುವೆ ಮುಂದಕ್ಕೆ ಹಾಕ್ತೀನಿ. ಮದುವೆ ಫೋಟೋ ಜೀವನಪೂರ್ತಿ ಇರುತ್ತೆ."

"ಹೆಂಡತೀನೂ ಇರ್ತಾಳೆ ಕಣೋ. ಅವಳನ್ನ ಕೇಳಿದ್ಯಾ?" ಎಂದರು ಅಮ್ಮ.

ಕೇಳಿರಲಿಲ್ಲ. ಆ ಕೆಲಸ ನನ್ನ ಪಾಲಿಗೆ ಬಂತು. "ಜ್ವರ ಅಂತ ಹೇಳು. ಮೂಗಿನ ಸುದ್ದಿ ಎತ್ತಬೇಡ" ಎಂದು ಹೇಳಿಕೊಟ್ಟ.

"ಅಣ್ಣನಿಗೆ ಜ್ವರ" ಎಂದು ದಾರಿಯುದ್ದಕ್ಕೂ ಬಾಯಿಪಾಠ ಮಾಡಿಕೊಂಡು ಹೋದೆ. ಬೇಕರಿಯ ಹಿಂಬಾಗಿಲಲ್ಲಿ ಅತ್ತಿಗೆ ಕೈತುಂಬ ಹಿಟ್ಟು ಮೆತ್ತಿಕೊಂಡು ನಿಂತಿದ್ದಳು.

"ಏನೇ, ಮುಖ ಯಾಕೆ ಹೀಗಿದೆ?"

"ಅಣ್ಣನಿಗೆ ಜ್ವರ."

"ಎಷ್ಟಿದೆ?"

ಇದನ್ನು ಅಣ್ಣ ಹೇಳಿಕೊಟ್ಟಿರಲಿಲ್ಲ. "ಮೂಗಲ್ಲಿ ಮಾತ್ರ" ಎಂದುಬಿಟ್ಟೆ.

ಉಳಿದದ್ದನ್ನು ಅವಳು ಒಂದೊಂದಾಗಿ ಬಾಯಿ ಬಿಡಿಸಿದಳು. ಬಿದ್ದ ಕಥೆ ಕೇಳಿ ಬಿದ್ದು ಬಿದ್ದು ನಕ್ಕಳು. ಮದುವೆ ಮುಂದಕ್ಕೆ ಹಾಕುವ ಮಾತು ಬಂದಾಗ ನಗು ನಿಂತಿತು. ಏಪ್ರನ್ ಕೂಡ ಬಿಚ್ಚದೆ ನನ್ನ ಜೊತೆ ಹೊರಟಳು.

ನಮ್ಮನ್ನು ಗಾಜಿನಾಚೆ ಕಂಡ ಅಣ್ಣ ಪರದೆಯ ಹಿಂದೆ ಸೇರಿಕೊಂಡ.

"ಹೊರಗೆ ಬರ್ತೀರಾ?"

"ಇಲ್ಲಿಂದಲೇ ಮಾತಾಡ್ತೀನಿ."

"ಸರಿ, ನಾನೂ ಇಲ್ಲಿಂದಲೇ ಹೇಳ್ತೀನಿ. ಬರೋ ವಾರ ಬಿಟ್ರೆ ಒಲೆ ಆರೋದು ಮುಂದಿನ ವರ್ಷ. ಅಷ್ಟೊತ್ತಿಗೆ ನಿಮಗೆ ಮೊಡವೆ ಏಳುತ್ತೆ. ಅದರ ಮುಂದಿನ ವರ್ಷ ಕೂದಲು ಉದುರುತ್ತೆ. ನಾನು ಕಾಯಲ್ಲ. ಬರೋ ವಾರ ಇಲ್ಲ ಅಂದ್ರೆ ಇಲ್ಲವೇ ಇಲ್ಲ."

"ಫೋಟೋ ಎಲ್ಲಾ ಹಾಳಾಗುತ್ತೆ ಕಣೇ."

"ಹಾಗಾದ್ರೆ ಫೋಟೋನೇ ಮದುವೆ ಆಗಿ. ನಾನು ಹೊರಟೆ, ಒಲೇಲಿ ಬನ್ ಇದೆ."

ಅವಳು ನಿಜವಾಗಿಯೂ ಹೊರಟಳು. ಬಾಗಿಲು ತೆರೆದ ಸದ್ದಿಗೆ ಪರದೆ ಸರಿಯಿತು. ಅಣ್ಣ ಬಂದು ನೇರ ದೀಪದ ಕೆಳಗೆ ನಿಂತ.

ಅವಳು ತಿರುಗಿ ನೋಡಿದಳು. "ಇಷ್ಟೇನಾ?"

"ಇಷ್ಟೇ ಅಲ್ಲ" ಎಂದು ಅಣ್ಣ ನೊಂದ ದನಿಯಲ್ಲಿ ಪಕ್ಕಕ್ಕೆ ತಿರುಗಿದ. "ಬಲಗಡೆಯಿಂದ ನೋಡು. ಇನ್ನೂ ಕೆಟ್ಟದಾಗಿದೆ."

ಅವಳು ಬಲಗಡೆಯಿಂದ ನೋಡಿದಳು. ಎಡಗಡೆಗೂ ಹೋಗಿ ನೋಡಿ ಬಂದಳು. "ಹೌದು, ಬಲಗಡೆಯೇ ಕೆಟ್ಟದು" ಎಂದು ಒಪ್ಪಿಕೊಂಡಳು. ಅಣ್ಣನ ಮುಖದಲ್ಲಿ ಸಮಾಧಾನ ಕಂಡಿತು. ಅಮ್ಮನೂ ನಾನೂ "ಏನೂ ಕಾಣಲ್ಲ" ಎಂದು ಹೇಳಿ ಹೇಳಿ ಅವನನ್ನು ಇನ್ನಷ್ಟು ಹೆದರಿಸಿದ್ದೆವೇನೋ.

"ಮದುವೆಗೆ ಬರ್ತೀರಾ, ಇಲ್ವಾ?"

"ಬರ್ತೀನಿ. ಆದ್ರೆ ಫೋಟೋ ಯಾರು ತೆಗೀತಾರೆ?"

ಆಗಲೇ ನಮಗೆ ಗೊತ್ತಾಗಿದ್ದು, ಊರಿನ ಮದುವೆಗೆಲ್ಲ ಫೋಟೋ ತೆಗೆಯುವವನು ತನ್ನ ಮದುವೆಗೆ ಯಾರನ್ನೂ ಗೊತ್ತುಮಾಡಿರಲಿಲ್ಲ ಎಂದು. ಅಲ್ಲಿಯೂ ಟೈಮರ್ ಇಟ್ಟು ಓಡುವ ಯೋಚನೆಯಿತ್ತು.

ಅತ್ತಿಗೆ ನನ್ನ ಕಡೆ ಕೈ ತೋರಿಸಿದಳು.

"ಇವಳಾ? ಜನರ ಮುಖ ನೋಡೋಕೇ ನಾಚಿಕೊಳ್ತಾಳೆ!"

"ಕ್ಯಾಮೆರಾ ಅಡ್ಡ ಇರುತ್ತಲ್ಲ, ನೋಡ್ತಾಳೆ ಬಿಡಿ. ನೀವು ಓಡದೇ ನಿಂತ್ರೆ ಸಾಕು."

ಹೀಗೆ ಅಣ್ಣನ ಕ್ಯಾಮೆರಾ ನನ್ನ ಕೊರಳಿಗೆ ಬಂತು.

ನಾಳೆ ಮದುವೆ. ಊತ ಅರ್ಧ ಇಳಿದಿದೆ, ನೀಲಿ ಈಗ ಹಳದಿಯಾಗಿದೆ. ಹಳದಿ ಇನ್ನೂ ಅಸಹ್ಯ ಎನ್ನುತ್ತಾನೆ ಅಣ್ಣ. ಮಧ್ಯಾಹ್ನ ನನ್ನನ್ನು ಪಕ್ಕಕ್ಕೆ ಕರೆದು, "ಆಮೇಲೆ ಕಂಪ್ಯೂಟರಲ್ಲಿ ಮೂಗು ಮಾತ್ರ ಸ್ವಲ್ಪ..." ಎಂದ.

"ಅತ್ತಿಗೇನ ಕೇಳಿ ಮಾಡ್ತೀನಣ್ಣ" ಎಂದೆ.

ಅವನು ತಲೆ ಕೆರೆದುಕೊಂಡು ಹೋದ.

ಈಗ ಬ್ಯಾಟರಿಗಳನ್ನು ಚಾರ್ಜಿಗೆ ಹಾಕಿ, ಲೆನ್ಸ್ ಒರೆಸಿಡುತ್ತೇನೆ. ಬೆಳಿಗ್ಗೆ ಎಲ್ಲರಿಗಿಂತ ಮೊದಲು ಸಭಾಂಗಣಕ್ಕೆ ಹೋಗಿ, ಕಿಟಕಿಯ ಬೆಳಕು ಯಾವ ಕಡೆ ಬೀಳುತ್ತದೆ ಎಂದು ನೋಡಿಕೊಳ್ಳುತ್ತೇನೆ.