ಟಪಾಲಿನಲ್ಲಿ ಬಂದ ಬಿ.ಎ.

ನನ್ನ ಬಿ.ಎ. ರೈಲಿನ ಹೊಗೆ ಕುಡಿದು ಬಂದದ್ದು. ವರ್ಷಗಟ್ಟಲೆ ಬೆಳಿಗ್ಗೆ ಕುಂದಗೋಳ ನಿಲ್ದಾಣದಲ್ಲಿ ಬುತ್ತಿ ಹಿಡಿದು ನಿಂತು ಹುಬ್ಬಳ್ಳಿಯ ಕಾಲೇಜಿಗೆ ಹೋಗಿಬಂದವನು ನಾನು. ಹಾಗಾಗಿ ಎಪ್ಪತ್ತರ ದಶಕದಲ್ಲಿ, ನಮ್ಮ ಶಾಲೆಯಲ್ಲಿ ಪಕ್ಕದ ವರ್ಗಕ್ಕೆ ಕಲಿಸುತ್ತಿದ್ದ ಕುಬಿಹಾಳದ ಮಾಸ್ತರ, ತನ್ನ ಮನೆಯಲ್ಲೇ ಕೂತು ಬಿ.ಎ. ಆದಾಗ ನನಗೆ ತಡೆಯಲಾಗಲಿಲ್ಲ.

ಬೇರೆ ರಾಜ್ಯದ ವಿಶ್ವವಿದ್ಯಾಲಯವೊಂದು ಆತನಿಗೆ ಅಂಚೆಯಲ್ಲಿ ಪಾಠ ಕಳಿಸುತ್ತಿತ್ತು. ಊಟದ ಬಿಡುವಿನಲ್ಲಿ ಬೇವಿನ ಗಿಡದ ಕೆಳಗೆ ಒಂದು ಕೈಯಲ್ಲಿ ರೊಟ್ಟಿ, ಇನ್ನೊಂದು ಕೈಯಲ್ಲಿ ಪಾಠ ಹಿಡಿದು ಕೂತಿರುತ್ತಿದ್ದ. ನೋಡಿ ನಗುತ್ತಿದ್ದೆ. ಆತ ಪಾಸಾದ ಮೇಲೆ ನನ್ನ ನಗು ನಿಂತಿತು. ಸೇವೆಯಲ್ಲಿ ಆತ ನನಗಿಂತ ಹಿರಿಯ, ಪದವಿಯದೊಂದೇ ಕೊರತೆಯಿತ್ತು. ಹೆಡ್‌ಮಾಸ್ತರರು ನಿವೃತ್ತರಾಗುವವರಿದ್ದರು. ನನ್ನದೇ ಎಂದು ನಂಬಿದ್ದ ಕುರ್ಚಿ ಇನ್ನು ಆತನ ಪಾಲು.

ಹೊಟ್ಟೆಕಿಚ್ಚಿಗೆ ಬೇರೆ ಹೆಸರು ಕೊಡಲಾರೆ. ಒಂದು ರವಿವಾರ ಬಾಗಿಲು ಹಾಕಿಕೊಂಡು ಧಾರವಾಡದ ಶಿಕ್ಷಣ ಕಚೇರಿಗೆ ಸಹಿಯಿಲ್ಲದ ಮೂಗರ್ಜಿ ಬರೆಯಲು ಕೂತೆ. ಅಂಚೆಯ ಪದವಿಗೆ ನಮ್ಮ ರಾಜ್ಯದಲ್ಲಿ ಮಾನ್ಯತೆ ಇದೆಯೇ, ವಿಚಾರಿಸಬೇಕು ಎಂದು. ಅಕ್ಷರದ ಗುರುತು ಸಿಗಬಾರದೆಂದು ಪೆನ್ನನ್ನು ಎಡಗೈಯಲ್ಲಿ ಹಿಡಿದೆ. ಆದರೆ ತಲೆಯ ಮೇಲೊಂದು ಶ್ರೀ ಬೇಕಲ್ಲ! ಶ್ರೀ ಇಲ್ಲದೆ ಒಂದು ಚೀಟಿಯನ್ನೂ ಬರೆದವನಲ್ಲ ನಾನು. ಅದನ್ನು ಎಡಗೈಯಲ್ಲಿ ಬರೆಯಲು ಮನಸ್ಸು ಒಪ್ಪಲಿಲ್ಲ. ಬಲಗೈಯಿಂದ ಬರೆದು, ದಿನಾಲೂ ಶಾಲೆಯ ಹಲಗೆಯ ಮೇಲೆ ಮಾಡುವಂತೆಯೇ ಬಾಲ ಸುತ್ತಿ ಚುಕ್ಕೆ ಇಟ್ಟೆ. ಉಳಿದದ್ದೆಲ್ಲ ಎಡಗೈಯಲ್ಲಿ.

ತಿಂಗಳೊಳಗೆ ಆತನಿಗೆ ಕಚೇರಿಯಿಂದ ಕರೆ ಬಂತು. ಹೋಗಿಬಂದವನೇ ನೇರ ನಮ್ಮ ಮನೆಗೆ ಬಂದ.

“ನನ್ನ ಡಿಗ್ರಿ ನಡಿಯಂಗಿಲ್ಲ ಅಂತಾರ್ರಿ ಸರ. ಹೈಕೋರ್ಟಿಗೆ ಹೋಗಾಂವ ಇದ್ದೀನಿ. ವಕೀಲರಿಗೆ ಎಲ್ಲಾ ಹಕೀಕತ್ ಬರದು ಕಳಸಬೇಕು. ನಿಮ್ಮ ಅಕ್ಷರ ಛಲೋ ಅದಾವ, ನೀವ ಬರದು ಕೊಡ್ರಿ.”

ಒಲ್ಲೆ ಎಂದರೆ ಸಂಶಯ ಬಂದೀತು. ಆತ ಹೇಳುತ್ತ ಹೋದ, ನಾನು ಬರೆಯುತ್ತ ಹೋದೆ. ಆತ ವಿಶ್ವವಿದ್ಯಾಲಯಕ್ಕೆ ಕಳಿಸಿದ ಉತ್ತರಗಳು ಸಾಲುಸಾಲಿಗೂ ಕೆಂಪು ಮಸಿಯ ತಿದ್ದುಪಡಿ ಹೊತ್ತು ಮರಳಿ ಬರುತ್ತಿದ್ದವಂತೆ. ನಮ್ಮ ಕಾಲೇಜಿನಲ್ಲಿ ನನ್ನ ಉತ್ತರಗಳನ್ನು ಯಾರೂ ಅಷ್ಟು ಆಸ್ಥೆಯಿಂದ ಓದಿರಲಿಲ್ಲ. ಅದಕ್ಕೂ ಹೊಟ್ಟೆ ಉರಿಯಿತು.

ಕೇಸು ಎರಡು ವರ್ಷ ನಡೆಯಿತು. ನಡುವೆ ಹೆಡ್‌ಮಾಸ್ತರರು ನಿವೃತ್ತರಾಗಿ, ಪ್ರಭಾರ ಹೆಡ್‌ಮಾಸ್ತರ ನಾನೇ ಆದೆ. ಕುರ್ಚಿ ಮೈಗೆ ಒಗ್ಗುತ್ತ ಬಂದಿತ್ತು. ಆಗ ಬೆಂಗಳೂರಿನಿಂದ ತೀರ್ಪು ಬಂತು: ಕಾನೂನುಬದ್ಧ ವಿಶ್ವವಿದ್ಯಾಲಯ ಕೊಟ್ಟ ಪದವಿ, ವರ್ಗದಲ್ಲಿ ಕೂತು ಓದಿದ್ದಾದರೂ ಅಂಚೆಯಲ್ಲಿ ಓದಿದ್ದಾದರೂ ಪದವಿಯೇ.

ಮರುವಾರ ನಾನು ಕುರ್ಚಿ ಬಿಟ್ಟೆ. ಆತ ಕೂತವನೇ ಶಿಕ್ಷಕರ ಹೊಸ ಹಾಜರಿ ಪುಸ್ತಕವನ್ನು ನನ್ನ ಕಡೆ ಸರಿಸಿದ.

“ಮ್ಯಾಲೆ ಶ್ರೀ ಬರದು ಕೊಡ್ರಿ ಸರ.”

“ಹೆಡ್‌ಮಾಸ್ತರ್ರು ನೀವು. ನಿಮ್ಮ ಕೈಲೇನ ಆಗ್ಲಿ” ಎಂದೆ.

“ಬ್ಯಾಡ್ರಿ, ನಿಮ್ಮ ಶ್ರೀನ ಛಂದ. ಧಾರವಾಡದಾಗ ಆ ಅರ್ಜಿ ನನ್ನ ಮುಂದ ಇಟ್ಟಿದ್ರು. ಉಳದದ್ದೆಲ್ಲಾ ಎಡಗೈಲೆ ಬರದ್ರೂ, ಶ್ರೀ ಮಾತ್ರ ಬಲಗೈಲೆ ಬರದಿದ್ರಿ.” ದನಿಯಲ್ಲಿ ಸಿಟ್ಟಿರಲಿಲ್ಲ.

ಅಂದರೆ ನಮ್ಮ ಮನೆಗೆ ಬಂದು ಅಕ್ಷರ ಹೊಗಳಿದ ದಿನವೇ ಆತನಿಗೆ ಎಲ್ಲ ಗೊತ್ತಿತ್ತು. ನಾಚಿಕೆಯಿಂದ ಮುಖ ಎತ್ತಲಾಗಲಿಲ್ಲ. ನಾಚಿಕೆಗಿಂತ ಹೊಟ್ಟೆಯುರಿಯೇ ಹೆಚ್ಚಾಗಿತ್ತು. ಗೊತ್ತಿದ್ದೂ ಎರಡು ವರ್ಷ ಸುಮ್ಮನಿರುವುದು ನನ್ನಿಂದ ಆಗುತ್ತಿರಲಿಲ್ಲ. ಶ್ರೀ ಬರೆದು, ಬಾಲ ಸುತ್ತಿ, ಚುಕ್ಕೆ ಇಟ್ಟು ಪುಸ್ತಕವನ್ನು ಮರಳಿ ಸರಿಸಿದೆ. ಅದರ ಕೆಳಗೆ ಮೊದಲ ಸಾಲಿನಲ್ಲಿ ಆತ ಸಹಿ ಮಾಡಿದ. ಎರಡನೆಯ ಸಾಲಿನಲ್ಲಿ ನಾನು ಮಾಡಿದೆ.